ಹತ್ತಿ ಹರಡುವ ಹಕ್ಕು

ಫೆಬ್ರವರಿ 3
ಎರಡು ಹಾಸಿಗೆ ಹೊಲಿದು ಮುಗಿಸಿದೆ. ಮೂರನೆಯದರ ಹತ್ತಿ ಬಿಸಿಲಿಗೆ ಹೋಗಿದೆ — ಸೊಸೆ ಒಯ್ದಳು. ನನ್ನ ಕಾಲು ಪ್ಲಾಸ್ಟರಿನಲ್ಲಿ, ಸ್ಟೂಲಿನ ಮೇಲೆ, ಮಹಾರಾಣಿಯ ಹಾಗೆ.

ಪುರಸಭೆ ಕಚೇರಿಯಿಂದ ನೋಟಿಸ್. ಎದುರಿನ ಬಯಲಿನಲ್ಲಿ ಹತ್ತಿ ಒಣಗಿಸುವ ಹಕ್ಕು ರಿಜಿಸ್ಟರಿನಲ್ಲಿ ಈಗ ಇರುವುದು ನನ್ನೊಬ್ಬಳ ಹೆಸರಿಗೆ. ಉಳಿದವರೆಲ್ಲ ತೀರಿಕೊಂಡರು. ನಾನೂ ಬಳಸದಿದ್ದರೆ ರದ್ದು. ಬಯಲಿಗೆ ಬೇಲಿ, ಕಾರ್ ಪಾರ್ಕಿಂಗ್. ಒಂಬತ್ತನೇ ತಾರೀಕು ತಪಾಸಣೆ.

ಬರಲಿ. ವಾರಕ್ಕೆ ಮೂರು ದಿನ ಹರಡುತ್ತೇವಲ್ಲ!

ಫೆಬ್ರವರಿ 9, ಮಧ್ಯಾಹ್ನ
ಗುಮಾಸ್ತ ಬಂದಿದ್ದ. ಸೊಸೆ ಹರಡುವುದನ್ನು ಹೆಮ್ಮೆಯಿಂದ ತೋರಿಸಿದೆ. ಪೆನ್ನಿನ ಮುಚ್ಚಳ ಹಾಕಿಬಿಟ್ಟ.

"ಇದು ನಡಿಯಲ್ಲ ಅಮ್ಮ. ಹಕ್ಕು ಮನೆಗಲ್ಲ, ಅಂಗಡಿಗಲ್ಲ, ನಿಮಗೆ ಮಾತ್ರ. ನೀವೇ ಕೈಯಾರೆ ಹರಡ್ಬೇಕು. ಕೊನೇ ಸಲ ಹರಡಿದ್ದು ಯಾವಾಗ?"

"ಇವಳು ಬಂದ್ಮೇಲೆ ನಾನ್ಯಾಕಪ್ಪ ಬಗ್ಗಲಿ?"

"ಮೂರು ವರ್ಷ ಬಿಟ್ರೆ ರದ್ದು. ನಿಮ್ಮ ಗಡುವು ಇದೇ ಇಪ್ಪತ್ತಕ್ಕೆ."

ನಲವತ್ತು ವರ್ಷ ಆ ಬಯಲೇ ನನ್ನ ಅನ್ನ. ಸೋಮಾರಿತನಕ್ಕೆ ಇಷ್ಟು ದೊಡ್ಡ ಶಿಕ್ಷೆಯೇ? ಪ್ಲಾಸ್ಟರ್ ಬೇರೆ.

ಫೆಬ್ರವರಿ 17
ಮೋಡ. ಸೊಸೆ ನಾಲ್ಕು ಸಲ ಹೊರಗೆ ಹೋಗಿ ಆಕಾಶ ನೋಡಿ ಬಂದಳು. ನಾನು ಯಾರ ಮೇಲೋ ರೇಗಿದೆ.

ಫೆಬ್ರವರಿ 20, ಸಂಜೆ
ಬಿಸಿಲು! ಮೆಡಿಕಲ್ ಶಾಪಿನವನು ಗಾಲಿಕುರ್ಚಿ ಕೊಟ್ಟ. ಇಡೀ ಬೀದಿಯೇ ಹಿಂದೆ ಬಂತು. ನನ್ನನ್ನು ಎತ್ತಿ ಇಳಿಸಬಹುದು, ಹತ್ತಿ ಮುಟ್ಟುವಂತಿಲ್ಲ ಎಂದ ಗುಮಾಸ್ತ — ಎಲ್ಲರೂ ಕೈ ಹಿಂದೆ ಕಟ್ಟಿಕೊಂಡು ನಿಂತರು. ಕೂತಲ್ಲೇ ತೆವಳುತ್ತಾ ಹಿಡಿ ಹಿಡಿಯಾಗಿ ಹರಡಿದೆ. ಗಾಳಿ ಬೀಸಿ ಒಂದು ಎಳೆ ಕಟಿಂಗ್ ಅಂಗಡಿಯವನ ಮೀಸೆಗೆ ಹತ್ತಿತು. ಪಾಪ, ಕೈ ಬಿಚ್ಚಲಿಲ್ಲ.

"ತೆಗೀಬಹುದಾ ಸಾರ್?"

ಗುಮಾಸ್ತ ನಗುತ್ತಲೇ ಬರೆದ: 'ಸ್ವಂತ ಕೈಯಿಂದ ಹರಡಿದ್ದಾರೆ.' ನಾನು ನಾಚಿಕೆ ಬಿಟ್ಟು ಅತ್ತುಬಿಟ್ಟೆ.

"ನನ್ನ ನಂತರ?" ಎಂದು ಕೇಳಿದೆ.

"ನಿಮ್ಮ ಜೊತೆಗೇ ಮುಗಿಯತ್ತೆ. ಯಾರಿಗೂ ಬರೆದುಕೊಡೋಕಾಗಲ್ಲ. ಆದ್ರೆ ಒಬ್ಬರು ಹನ್ನೆರಡು ವರ್ಷ ಎಲ್ಲರ ಕಣ್ಣೆದುರಿಗೆ, ಯಾರ ಅಪ್ಪಣೆನೂ ಕೇಳ್ದೆ ಹರಡಿದ್ರೆ, ಅವರಿಗೇ ಅಂತ ಹೊಸ ಹಕ್ಕು ಹುಟ್ಟತ್ತೆ."

"ಸೊಸೆ ಹರಡಿದ ಮೂರು ವರ್ಷ?"

"ನಿಮ್ಮನ್ನ ಕೇಳಿ ಕೇಳಿ ಹರಡಿದ್ದಲ್ವಾ? ಅದು ಬರಲ್ಲ."

ಇಷ್ಟು ವಿನಯವಂತ ಸೊಸೆಯನ್ನು ತಂದುಕೊಂಡದ್ದೇ ತಪ್ಪಾಯಿತು.

ನನಗೀಗ ಅರವತ್ತೊಂಬತ್ತು. ಅವಳ ಹಕ್ಕು ಹುಟ್ಟುವ ತನಕ ಬೇಲಿಯನ್ನು ತಡೆಯಬೇಕಾದದ್ದು ನನ್ನ ಹಕ್ಕೇ. ಅಂದರೆ ಎಂಬತ್ತೊಂದರವರೆಗೆ ಸಾಯುವ ಹಾಗಿಲ್ಲ. ಇವತ್ತಿನಿಂದ ಹಾಲು ಎರಡು ಲೋಟ.

ಮಾರ್ಚ್ 12, ಬೆಳಿಗ್ಗೆ 9
ಪ್ಲಾಸ್ಟರ್ ಬಿಚ್ಚಿದರು. ಕಾಲು ಕಡ್ಡಿಯಾಗಿದೆ, ಆದರೂ ನನ್ನದೇ.

ಸೊಸೆಗೆ ಕಟ್ಟಪ್ಪಣೆ: ನನ್ನನ್ನು ಕೇಳಕೂಡದು. "ಆಯ್ತು ಅತ್ತೆ" ಎಂದಳು. ನಿನ್ನೆ ಎರಡು ಸಲ ಕೇಳಿದಳು. ಮೊನ್ನೆ ಮೂರು. ಹೀಗಾದರೆ ಹನ್ನೆರಡು ವರ್ಷದ ಮೊದಲ ದಿನವೇ ಶುರುವಾಗುವುದಿಲ್ಲ!

ಇವತ್ತು ಬಾಯಿ ಬಿಗಿಹಿಡಿದು, ಗಂಟು ಹೊತ್ತು ಹೋದಳು. ಕಿಟಕಿಯಲ್ಲಿ ಕೂತು ಬರೆಯುತ್ತಿದ್ದೇನೆ. ಬಯಲಿನ ನಡುವೆ ನಿಂತಳು. ಗಂಟು ಬಿಚ್ಚಿದಳು. ಭೇಷ್... ಅಯ್ಯೋ, ಈ ಕಡೆ ತಿರುಗಿದಳು. ಕೈ ಎತ್ತಿದಳು. "ಅತ್ತೇ, ಹರ—"

ಕಿವಿ ಮುಚ್ಚಿಕೊಳ್ಳಲು ಎರಡೂ ಕೈ ಬೇಕು, ಪೆನ್ನು