ಎರಡಕ್ಕೂ ಹೌದು

ಸುಲೇಮಾನ್ ಕಾಕಾ, ಸಲಾಂ.

ಇಲ್ಲಿನ ಮೀರಾ ಮೆಸಾ ಬಡಾವಣೆಯ ಇಂಡಿಯನ್ ಅಂಗಡಿಯಲ್ಲಿ ನಾನು ಫೋನಿನಲ್ಲಿ ಕನ್ನಡ ಮಾತಾಡುತ್ತಿದ್ದೆ. ಹೆಸರುಬೇಳೆ ಪ್ಯಾಕೆಟ್ ಹಿಡಿದುಕೊಂಡೇ ನೀವು ಹಿಂದೆ ಬಂದಿರಿ. "ನಿನಗೆ ಕಾರು ಬಿಡ್ಲಿಕ್ಕೆ ಬರ್ತದಾ ಮಾರಾಯ್ತಿ? ನನ್ನ ಕಣ್ಣು ಫ್ರೀವೇಗೆ ಸಾಲುದಿಲ್ಲ." ಪರಿಚಯ ಅಷ್ಟೇ! ಯೂನಿವರ್ಸಿಟಿ ಸಿಟಿಯಲ್ಲಿ ಓದಿಕೊಂಡಿದ್ದವಳಿಗೆ ಪ್ರತಿ ಗುರುವಾರ ನಿಮ್ಮನ್ನು ಎಲ್ ಕಹೋನಿಗೆ ಕರೆದೊಯ್ಯುವ ಕೆಲಸ ಗಂಟುಬಿತ್ತು. ಇರಾಕಿನಿಂದ ನಿರಾಶ್ರಿತರಾಗಿ ಬಂದವರಿಗೆ ಅಲ್ಲಿನ ಆಸ್ಪತ್ರೆಯಲ್ಲಿ ನೀವು ದುಭಾಷಿ. ಮಂಗಳೂರಿನ ಬ್ಯಾರಿ ಮನೆಯಲ್ಲಿ ಹುಟ್ಟಿ, ಬಾಗ್ದಾದಿನಲ್ಲಿ ವೈರಿಂಗ್ ಮಾಡುತ್ತ ಅರಬ್ಬಿ ಕಲಿತವರು.

ಆ ಅಜ್ಜಿ ನೆನಪಿದ್ದಾಳೆಯೇ? ಪಿತ್ತಕೋಶದ ಆಪರೇಷನ್ನಿಗೆ ಬಂದು, ನಿಲುವಂಗಿಯಲ್ಲಿ ಕೈಕಟ್ಟಿ ಕೂತಿದ್ದಳು. ಫಾರ್ಮಿನಲ್ಲಿ ದೇಶ ಇರಾಕ್, ಭಾಷೆ ಅರಬ್ಬಿ. ಬೆಳಿಗ್ಗೆಯಿಂದ ಏನೂ ತಿಂದಿಲ್ಲ ತಾನೆ ಎಂದು ನೀವು ಅರಬ್ಬಿಯಲ್ಲಿ ಕೇಳಿದಿರಿ. ಹೌದು ಎಂದು ತಲೆ ಆಡಿಸಿದಳು. ನರ್ಸ್ ಗುರುತು ಹಾಕಿಕೊಂಡು ಹೊರಟಳು. ನೀವು ಮಾತ್ರ ಅಲ್ಲೇ ನಿಂತು, ಬೆಳಿಗ್ಗೆ ಹೊಟ್ಟೆತುಂಬ ತಿಂದಿರಾ ಎಂದು ತಿರುಗಿಸಿ ಕೇಳಿದಿರಿ. ಅದಕ್ಕೂ ಅಷ್ಟೇ ಮರ್ಯಾದೆಯಿಂದ ಹೌದು!

ನೀವು ಸಮೂನ್ ಎಂಬ ಇರಾಕಿ ರೊಟ್ಟಿ ಕೊಳ್ಳುತ್ತಿದ್ದ ಬೇಕರಿಯವನಿಗೆ ಫೋನ್ ಹಚ್ಚಿ, ಅದನ್ನು ಅಜ್ಜಿಯ ಕಿವಿಗೆ ಹಿಡಿದಿರಿ. ಅವನು ತನ್ನ ಮನೆಮಾತಿನಲ್ಲಿ ಅದೇನೋ ಅಂದ. ಅಜ್ಜಿ ಫೋನನ್ನು ಎರಡೂ ಕೈಯಲ್ಲಿ ತಬ್ಬಿಕೊಂಡು ಮಾತಾಡತೊಡಗಿದಳು. ಎಷ್ಟು ಮಾತು, ಎಷ್ಟು ಅಳು! ಬೇಕರಿಯವನು ಅದನ್ನು ನಿಮಗೆ ಅರಬ್ಬಿಯಲ್ಲಿ ಹೇಳಿದ: ಚಹಾದ ಜೊತೆ ಎರಡು ರೊಟ್ಟಿ ತಿಂದೇ ಬಂದಿದ್ದಳಂತೆ. ಆ ಹೊಟ್ಟೆಯಲ್ಲಿ ಅರಿವಳಿಕೆ ಕೊಟ್ಟಿದ್ದರೆ... ಆಪರೇಷನ್ ಮುಂದಕ್ಕೆ ಹೋಯಿತು, ಅಜ್ಜಿ ಉಳಿದಳು.

"ಅದು ಅರಾಮಿಕ್, ಮಗಾ," ಎಂದಿರಿ ಕಾರಿನಲ್ಲಿ. "ಅರಬ್ಬಿ ಆ ನೆಲಕ್ಕೆ ಬರುವ ಮೊದಲೇ ಇದ್ದ ಭಾಷೆ. ಇರಾಕ್ ಅಂದ್ರೆ ಬರೀ ಅರಬ್ಬಿ ಅಂತ ತಿಳ್ಕೊಂಡಿದ್ದಿಯಾ? ಕುರ್ದಿ ಉಂಟು, ತುರ್ಕ್‌ಮೆನ್ ಉಂಟು, ಹಳ್ಳಿಗಳಲ್ಲಿ ಇದುಂಟು." ರಾಜ್ಯಗಳು ಬಂದವು, ಹೋದವು. ಆ ಮಾತು ಮಾತ್ರ ಅಡುಗೆಮನೆಯಿಂದ ಅಡುಗೆಮನೆಗೆ ದಾಟಿ, ಇಲ್ಲಿ ಒಂದು ಫೋನಿನೊಳಗೆ ಬಂದು ಕೂತಿತ್ತಲ್ಲ! "ಅವಳ ಗುಟ್ಟು ಹೇಗೆ ತಿಳೀತು ಕಾಕಾ?" ಎಂದೆ. "ಒಂದನೇ ಕ್ಲಾಸಿನಲ್ಲಿ ಮಾಸ್ಟ್ರು ಕನ್ನಡದಲ್ಲಿ ಎಂತ ಕೇಳಿದ್ರೂ ನಾನು ಹೌದು ಅಂತಿದ್ದೆ. ಮನೆಯಲ್ಲಿ ಬ್ಯಾರಿ ಬಿಟ್ರೆ ಬೇರೆ ಗೊತ್ತಿಲ್ಲ. ತಲೆ ಆಡಿಸಿದ್ರೆ ಪೆಟ್ಟು ಬೀಳುದಿಲ್ಲ ಅಲ್ವಾ?" ಎಂದು ನಕ್ಕಿರಿ. ಮರುಕ್ಷಣವೇ, "ನಿನ್ನ ಮನೆಮಾತು ಎಂತದು?"

"ಕನ್ನಡ," ಎಂದೆ. ನೀವು ಕಿಟಕಿಯಾಚೆ ನೋಡಿದಿರಿ. ಗೊತ್ತಾಗಿತ್ತೇ ನಿಮಗೆ?

ಆಮೇಲೆ ನೀವು ಆ ಫಾರ್ಮಿನ ಕೆಳಗೆ ಪೆನ್ನಿನಲ್ಲಿ ಒಂದು ಪ್ರಶ್ನೆ ಸೇರಿಸತೊಡಗಿದಿರಿ: ನಿಮ್ಮ ತಾಯಿ ನಿಮ್ಮನ್ನು ಯಾವ ಭಾಷೆಯಲ್ಲಿ ಬೆಳೆಸಿದರು? ಕಾಕಾ, ಈಗ ಅದನ್ನು ಅಚ್ಚು ಹಾಕಿಸಿದ್ದಾರೆ. ನೀವು ತೀರಿಹೋದ ಮರುವರ್ಷವೇ. ಆದರೆ ನಾನು ಹೇಳಬೇಕಾದದ್ದು ಬೇರೆ ಇದೆ.

ಹೋದ ತಿಂಗಳು ನನ್ನ ತಾಯಿ ಲಾಸ್ ಏಂಜಲೀಸ್ ವಿಮಾನ ನಿಲ್ದಾಣದಲ್ಲಿ ಬಂದಿಳಿದಳು. ಪ್ರಯಾಣದಲ್ಲಿ ಕಾಲು ಊದಿತ್ತು. ಊರಿಗೆ ಕರೆತಂದ ಮೇಲೆ ಎಲ್ ಕಹೋನಿನ ಅದೇ ಆಸ್ಪತ್ರೆಗೆ ಕರೆದೊಯ್ದೆ. ಡಾಕ್ಟರ್ ಕೇಳಿದ್ದನ್ನು ನಾನು ಕನ್ನಡದಲ್ಲಿ ಕೇಳಿದೆ. ನಾಲ್ಕು ಜನರ ನಡುವೆ ನಮ್ಮ ಮಾತು ಆಡಬಾರದೆಂದು ಹಾಸ್ಟೆಲ್ಲಿನಲ್ಲೇ ಕಲಿತಿದ್ದೆ. ಮನೆಯಲ್ಲಿ ಯಾಡಿ ಆದವಳು ಹೊರಗೆ ಅವ್ವ.

"ಅವ್ವಾ, ಎದಿ ಹಿಡದಂಗ ಆಗತೈತೇನು?"

"ಹ್ಞೂಂ."

ತಲೆ ಆಡಿಸಿದಳು. ಡಾಕ್ಟರ್ ಬರೆದುಕೊಂಡರು. ಆ ತಲೆಯಾಟ ನಾನು ಮೊದಲೇ ನೋಡಿದ್ದೆ, ಕಾಕಾ.

"ಎದಿ ಆರಾಮ ಐತಿ, ಹೌದಿಲ್ಲೋ?"

"ಹ್ಞೂಂ."

ನಾಚಿಕೆಯಿಂದ ನೆಲಕ್ಕಿಳಿದು ಹೋದೆ. ವಿಜಯಪುರದ ಸಂತೆಯಲ್ಲಿ ಉಪ್ಪು ಮೆಣಸಿಗೆ ಸಾಲುವ ಕನ್ನಡ ಅವಳದು. ಎದೆಯೊಳಗಿನದನ್ನು ಹೇಳುವ ಮಾತನ್ನು ಕಸಿದುಕೊಂಡು ಕೂರಿಸಿದ್ದವಳು ನಾನೇ. "ಯಾಡಿ" ಎಂದೆ, ಎಲ್ಲರಿಗೂ ಕೇಳುವಂತೆ, ಮತ್ತು ನಮ್ಮ ತಾಂಡಾದ ಮಾತಿನಲ್ಲಿ ಮೊದಲಿಂದ ಎಲ್ಲ ಕೇಳಿದೆ. ಅವಳು ನನ್ನ ಕೈ ಹಿಡಿದುಕೊಂಡು ಹೇಳಿದಳು, ಹೇಳಿದಳು. ಎದೆ ಹಿಡಿಯುವುದು ನಿಜವಾಗಿತ್ತು, ಆರು ತಿಂಗಳಿಂದ. ಈಗ ಔಷಧಿ ನಡೆದಿದೆ, ಚೇತರಿಸಿಕೊಳ್ಳುತ್ತಿದ್ದಾಳೆ.

ಹೊರಡುವಾಗ ಫಾರ್ಮಿನಲ್ಲಿ ನಿಮ್ಮ ಪ್ರಶ್ನೆಯ ಮುಂದೆ ನಾನೇ ಬರೆದೆ: ಲಂಬಾಣಿ. ಕಾರಿನಲ್ಲಿ ನೀವು ಕೇಳಿದ್ದಕ್ಕೂ ಇದೇ ಉತ್ತರ, ಕಾಕಾ.