ಮೂರು ನಿಮಿಷದಲ್ಲಿ ಕಳ್ಳನಾದ ಶಂಭಣ್ಣ

ಏ ಕಶ್ಯಪ,

ನನ್ನ ನಂಬರ್ ಬ್ಲಾಕ್ ಮಾಡಿದ್ದಿ, ಮೇಲ್ ಕಳಿಸಿದ್ರೆ ವಾಪಸ್ ಬರ್ತದೆ. ಅದಕ್ಕೇ ಈ ಕಾಗದ. ಹತ್ತನೇ ಕ್ಲಾಸಿನ ನಂತರ ನಾನು ಕನ್ನಡದಲ್ಲಿ ಇಷ್ಟುದ್ದ ಬರೀತಿರುದು ಇದೇ ಮೊದಲು. ತಪ್ಪಿದ್ರೆ ನಗು, ಆದ್ರೆ ಪೂರ್ತಿ ಓದು. ನಿನ್ನ ಸೈ ಸಿಗದೆ ಲಕೋಟೆ ಕೊಡ್ಬೇಡ ಅಂತ ಕೂರಿಯರಿನವನಿಗೆ ಹೇಳಿದ್ದೇನೆ.

ಶಂಭಣ್ಣನ ನೆನಪುಂಟಾ? ಇರ್ಲಿಕ್ಕಿಲ್ಲ. ಕಲ್ಯಾಣ ಸ್ಟೇಷನ್ ಹತ್ರದ ಹೋಟೆಲಿನಲ್ಲಿ ಸಪ್ಲಾಯರ್, ಕಾರ್ಕಳ ಕಡೆಯವ್ರು. ಮೂರು ವಾರದ ಹಿಂದಿನ ಸೋಮವಾರ, ಅವರ ರಜೆಯ ದಿನ, ಥಾಣೆಯಲ್ಲಿ ಲೋಕಲ್ ಟ್ರೇನ್ ಬದಲಿಸಿ ವಾಶಿಗೆ, ನಿನ್ನ ಆನ್‌ಲೈನ್ ಗೇಮ್ ಸ್ಟೋರಿನ ಆಫೀಸಿಗೆ ಬಂದಿದ್ರು. ಇಸ್ತ್ರಿ ಹಾಕಿದ ಬಿಳಿ ಶರ್ಟು. ಕೈಯಲ್ಲಿ ಪ್ಲಾಸ್ಟಿಕ್ ಚೀಲ, ಅದರೊಳಗೆ ಪಾಸ್‌ಬುಕ್, ಆಧಾರ್, ಹೋಟೆಲಿನ ಸೇಠ್ ಬರೆದುಕೊಟ್ಟ ಚೀಟಿ. "ಕಾರ್ಡ್ ನಂದೇ ಸರ್, ಕದ್ದದ್ದಲ್ಲ" ಅಂತ ಹೇಳ್ಲಿಕ್ಕೆ ಅಷ್ಟು ದೂರ ಬಂದಿದ್ರು ಮಾರಾಯ. ನೀನು ಬಾಗಿಲಲ್ಲೇ ನಿಲ್ಲಿಸಿ ಮಾತಾಡಿದಿ. ಆಮೇಲೆ ನನ್ನ ಕಡೆ ತಿರುಗಿ ಇಂಗ್ಲಿಷಿನಲ್ಲಿ ಹೇಳಿದಿ, ಈ ಹೋಟೆಲಿನವ್ರ ಕೈಗೆ ದಿನಾ ಗಿರಾಕಿಗಳ ಕಾರ್ಡ್ ಸಿಗ್ತದೆ, ಒಂದು ಫೋಟೋ ಹೊಡೆದ್ರೆ ಆಯ್ತು ಅಂತ. ಅವ್ರಿಗೆ ಅರ್ಥ ಆಗುದಿಲ್ಲ ಅಂತ ಎಣಿಸಿದ್ದಿ ಅಲ್ವಾ? ಇಪ್ಪತ್ತು ವರ್ಷ ಟೇಬಲ್ ನೋಡಿಕೊಂಡವನಿಗೆ ಮನುಷ್ಯರ ಮುಖ ಓದ್ಲಿಕ್ಕೆ ಇಂಗ್ಲಿಷ್ ಯಾಕೆ ಬೇಕು?

ನಾನು ಎರಡು ಮಾರು ದೂರದಲ್ಲಿ, ಗಿರಾಕಿಗಳ ಕಂಪ್ಲೇಂಟ್ ಕೇಳುವ ನನ್ನ ಟೇಬಲಿನಲ್ಲಿ ಕೂತಿದ್ದೆ. ಶಂಭಣ್ಣ ನನ್ನನ್ನು ನೋಡಿದ್ರು. ನಾನು ಸ್ಕ್ರೀನ್ ನೋಡಿದೆ. ನಿನ್ನ ಮೇಲೆ ಎಷ್ಟು ಸಿಟ್ಟುಂಟೋ ಅದರಲ್ಲಿ ಅರ್ಧ ನನ್ನ ಮೇಲೇ, ಅದನ್ನು ಮೊದಲೇ ಹೇಳಿಬಿಡ್ತೇನೆ.

ಆದದ್ದು ಎಂತ ಅಂತ ನೀನು ಒಂದು ಸಲವೂ ಕೇಳ್ಲಿಲ್ಲ. ಈಗ ಕೇಳು. ಅವರ ಮಗಳು ಅನುಷ್ಕಾ. ಎಂಟನೇ ಕ್ಲಾಸಲ್ಲಿ ಗಣಿತ ಪಾಸಾದ್ರೆ ಒಂದು ಗೇಮ್ ತೆಗೆದುಕೊಡ್ತೇನೆ ಅಂತ ಅಪ್ಪ ಮಾತು ಕೊಟ್ಟಿದ್ರು. ಪಾಸಾದ್ಳು. ನಮ್ಮ ಸ್ಟೋರಿನಲ್ಲಿ ಹುಡುಕಿ, ಸಮುದ್ರದ ಅಡಿಯಲ್ಲಿ ಊರು ಕಟ್ಟುವ ಗೇಮ್ ಆರಿಸಿ, ಅಪ್ಪ ಬರೆದಿಟ್ಟ ಕಾರ್ಡ್ ನಂಬರ್ ಹಾಕಿ ಪೇ ಒತ್ತಿದ್ಳು. ಒಟಿಪಿ ಹೋದದ್ದು ಅಪ್ಪನ ಫೋನಿಗೆ. ಅಪ್ಪನ ಫೋನ್ ಎಲ್ಲಿ? ಗಲ್ಲಾದ ಡ್ರಾವರಿನಲ್ಲಿ. ರಶ್ ಹೊತ್ತಲ್ಲಿ ಹುಡುಗರು ಫೋನ್ ಹಿಡಿದು ಕೂರ್ಬಾರ್ದು ಅಂತ ಸೇಠ್ ಎಲ್ಲರದ್ದೂ ಅಲ್ಲೇ ಇಡಿಸ್ತಾರೆ. ಮಗು ಹೋಟೆಲಿನ ಲ್ಯಾಂಡ್‌ಲೈನಿಗೆ ಹೊಡೀತದೆ. "ಶಂಭೂ, ನಿನ್ನ ಮಗಳು!" ಅಂತ ಸೇಠ್ ಕೂಗ್ತಾರೆ. ಇವ್ರು ಕೈಯಲ್ಲಿದ್ದ ನಾಲ್ಕು ಪ್ಲೇಟ್ ಟೇಬಲಿಗೆ ಮುಟ್ಟಿಸಿ, ಕೈ ತೊಳೆದು, ಓಡಿ ಬಂದು, ಒಂದೇ ತರದ ಏಳು ಫೋನಿನಲ್ಲಿ ತನ್ನದು ಹುಡುಕಿ, ಕನ್ನಡಕ ಹಾಕಿ ನೋಡುವಷ್ಟರಲ್ಲಿ ನಿನ್ನ ಪೇಜಿನ ಮೂರು ನಿಮಿಷ ಮುಗಿದಿರ್ತದೆ. ಪೇಮೆಂಟ್ ಫೇಲ್. ಪುನಃ ಒತ್ತಿದ್ಳು. ಪುನಃ ಫೇಲ್. ಆರು ಸಲ. ಆರನೇ ಸಲಕ್ಕೆ ಮಷೀನು ಇದು ಕಳ್ಳರ ಆಟ ಅಂತ ಬ್ಲಾಕ್ ಮಾಡಿತು.

ಮಷೀನಿನ ತಪ್ಪಲ್ಲ ಬಿಡು, ಅದು ಯಾವತ್ತೂ ಹೋಟೆಲಿಗೆ ಹೋದದ್ದಿಲ್ಲ. ನೀನು ಹೋಗಿದ್ದಿಯಲ್ಲ ಕಶ್ಯಪ! ನಿನ್ನ ಅಪ್ಪ ಡೊಂಬಿವಲಿಯಲ್ಲಿ ಗಲ್ಲಾದಲ್ಲೇ ಕೂತವ್ರು. ಶಾಲೆ ಬಿಟ್ಟು ಬಂದು ಹಿಂದಿನ ಟೇಬಲಿನಲ್ಲಿ ನಾವಿಬ್ರೂ ಹೋಮ್‌ವರ್ಕ್ ಮಾಡ್ತಿದ್ದಾಗ ಆ ಡ್ರಾವರಿನೊಳಗೆ ಫೋನುಗಳು ಗುರ್ರ್ ಅಂತ ಅಲುಗುದು ಕೇಳ್ತಿತ್ತು. ನಿನಗೆ ಗೊತ್ತಿರ್ಲಿಲ್ಲ ಅಂತ ಹೇಳ್ಬೇಡ. ಗೊತ್ತಿದ್ದೂ ನೀನೇ ನಿನ್ನ ಕೈಯಾರೆ 'ಕದ್ದ ಕಾರ್ಡ್' ಅಂತ ಬ್ಯಾಂಕಿಗೆ ಕಂಪ್ಲೇಂಟ್ ಕಳಿಸಿದಿ. ಒಂದು ಫೋನ್ ಮಾಡಿ ಕೇಳ್ಲಿಲ್ಲ. ಅದೂ ಸಾಲದು ಅಂತ ಸ್ಟೋರಿನ ಚಾಟಿನಲ್ಲಿ ವಿಚಾರಿಸಿದ ಆ ಮಗುವಿಗೆ ಪೊಲೀಸ್ ಕ್ರಮ ಆಗಬಹುದು ಅಂತ ಬರೆದಿ.

ಮಾರನೇ ದಿನ ಊಟದ ರಶ್ಶಿನಲ್ಲಿ ನಾನು ಆ ಹೋಟೆಲಿಗೆ ಹೋದೆ. ಒಂದು ಸಾದಾ ದೋಸೆ ಹೇಳಿ ಕೂತು, ಹೊರಗಿಂದ ಒಬ್ಬನ ಕೈಲಿ ಲ್ಯಾಂಡ್‌ಲೈನಿಗೆ ಫೋನ್ ಮಾಡಿಸಿ ಗಡಿಯಾರ ನೋಡಿದೆ. ಶಂಭಣ್ಣನ ಕೈಗೆ ಅವರ ಮೊಬೈಲ್ ಬರ್ಲಿಕ್ಕೆ ನಾಲ್ಕು ನಿಮಿಷ ನಲವತ್ತು ಸೆಕೆಂಡ್. ಅದನ್ನೇ ಬಂದು ನಿನಗೆ ಹೇಳಿದೆ, ಮೂರನ್ನು ಹತ್ತು ಮಾಡು, ಜನ ಕಳ್ಳರಲ್ಲ, ಕೈ ಖಾಲಿ ಇಲ್ಲದವ್ರು ಅಂತ. ನೀನು ಎಂತ ಹೇಳಿದ್ದು? "ಎಸ್ಸೆಸ್ಸಿ, ನೀನು ಗಿರಾಕಿಗೆ ಸಮಾಧಾನ ಹೇಳು ಸಾಕು. ಸೆಕ್ಯುರಿಟಿ ಓದಿದವ್ರು ನೋಡ್ಕೊಳ್ತಾರೆ." ಹತ್ತನೇ ಕ್ಲಾಸಿಗೇ ಓದು ಬಿಟ್ಟವನು ಅಂತ ನೀನು ನನಗಿಟ್ಟ ಹೆಸರು ಅದು, ಎಸ್ಸೆಸ್ಸಿ. ಆಚೆ ಡೆಸ್ಕಿನ ವೈಶಾಲಿ ತನ್ನ ಕುರ್ಚಿಯಿಂದ ಕಿಸಕ್ಕಂತ ನಕ್ಕಳು.

ಹೌದು, ನಿನ್ನ ಪಾಸ್‌ವರ್ಡ್ ಹಾಕಿ ಪೇಮೆಂಟ್ ಸೆಟ್ಟಿಂಗಿನ ಆ ಡಬ್ಬಿಯಲ್ಲಿ ಮೂರರ ಬದಲು ಹತ್ತು ಬರೆದವನು ನಾನೇ. ಬ್ಲಾಕ್ ಆದ ಮೂವತ್ತೆಂಟು ಜನರಿಗೂ ಒಬ್ಬೊಬ್ಬರಿಗೆ ಫೋನ್ ಮಾಡಿ, ವಿಚಾರಿಸಿ ಬ್ಲಾಕ್ ತೆಗೆದವನೂ ನಾನೇ. ಒಬ್ಬರು ಐರೋಲಿಯಲ್ಲಿ ನರ್ಸ್, ವಾರ್ಡಿನಲ್ಲಿ ಫೋನ್ ಮುಟ್ಟುವ ಹಾಗಿಲ್ಲ. ಒಬ್ಬರು ಡೊಂಬಿವಲಿಯ ಇಂಡಸ್ಟ್ರಿ ಏರಿಯಾದ ಕೆಮಿಕಲ್ ಕಂಪನಿಯವ್ರು, ಕಿಡಿ ಹತ್ತೀತು ಅಂತ ಗೇಟಲ್ಲೇ ಫೋನ್ ಕೊಟ್ಟು ಒಳಗೆ ಹೋಗ್ಬೇಕು, ಮನೆಯಲ್ಲಿ ಮಗ ಪೇ ಒತ್ತಿ ಕಾಯ್ತಾ ಕೂತಿದ್ದ. ಎಲ್ಲರದ್ದೂ ಇದೇ ಕತೆ. ಒಂದೇ ವಾರದಲ್ಲಿ ಫೇಲ್ ಆಗುವ ಪೇಮೆಂಟ್ ಅರ್ಧಕ್ಕಿಂತ ಕಡಿಮೆ ಆಯ್ತು. ಎಂಟನೇ ದಿನ ನಿನಗೆ ಗೊತ್ತಾಯ್ತು, ಎಲ್ಲರೆದುರು ಚೋರ್ ಅಂತ ಬೈದು ಹೊರಗೆ ಹಾಕಿದಿ. ಕೇಳದೆ ಪಾಸ್‌ವರ್ಡ್ ಬಳಸಿದ್ದು ತಪ್ಪೇ, ಅದನ್ನು ನಾನು ಒಪ್ತೇನೆ. ಕೆಲಸ ಹೋದದ್ದೂ ದೊಡ್ಡ ಸಂಗತಿ ಅಲ್ಲ. ನನಗೆ ಎರಡು ವರ್ಷದಲ್ಲಿ ಇದು ನಾಲ್ಕನೇದು, ನಿನ್ನ ಕಾಲಡಿ ಇರುವೆ ಗೂಡುಂಟು ಅಂತ ಅಮ್ಮ ಯಾವಾಗ್ಲೂ ಬೈತಾರೆ.

ಆದ್ರೆ ಮೊನ್ನೆ ನಿನ್ನ ಪೋಸ್ಟ್ ನೋಡಿದೆ. ಗ್ರಾಹಕರನ್ನು ಆಳವಾಗಿ ಅಧ್ಯಯನ ಮಾಡಿ ನಾವು ಹತ್ತು ನಿಮಿಷ ಮಾಡಿದ್ದೇವೆ ಅಂತೆ. ಕೆಳಗೆ ನೂರಾರು ಜನ ಚಪ್ಪಾಳೆ. ಆಳವಂತೆ ಆಳ! ಒಂದು ಸಾದಾ ದೋಸೆಯಷ್ಟು ಆಳ. ಸಿಟ್ಟಿಗೆ ಚಪ್ಪಲಿ ತೆಗೆದು ಗೋಡೆಗೆ ಹೊಡೆದೆ, ಅಮ್ಮ ಹೆದರಿದ್ರು. ಇರ್ಲಿ, ಅದನ್ನು ನೀನೇ ಇಟ್ಕೋ.

ನಾನು ಬರೀತಿರುದು ಬೇರೆ ವಿಷಯಕ್ಕೆ. ನಿನ್ನ ಸ್ಟೋರಿನ ಬ್ಲಾಕ್ ನಾನು ತೆಗೆದೆ, ಬ್ಯಾಂಕಿನದ್ದು ನನ್ನ ಕೈಗೆ ಎಟಕುದಿಲ್ಲ. ಶಂಭಣ್ಣನ ಕಾರ್ಡ್ ಇವತ್ತಿಗೂ ಬಂದ್. ಸಂಬಳ ಬೀಳುದು ಅದೇ ಖಾತೆಗೆ. ದುಡ್ಡು ತೆಗೀಲಿಕ್ಕೆ ಪ್ರತಿ ಸಲ ಅರ್ಧ ದಿನ ಡ್ಯೂಟಿ ಬಿಟ್ಟು ಬ್ರಾಂಚಿನ ಲೈನಿನಲ್ಲಿ ನಿಲ್ತಾರೆ. ಕಂಪ್ಲೇಂಟ್ ಕೊಟ್ಟ ಅಂಗಡಿಯವ್ರೇ ಬರೆದು ವಾಪಸ್ ತೆಗೀಬೇಕು ಅಂತ ಬ್ಯಾಂಕಿನವ್ರು ಹೇಳ್ತಾರೆ. ಅಂದ್ರೆ ನೀನು. ನಾಲ್ಕು ಸಾಲಿನ ಮೇಲ್, ಅಷ್ಟೇ.

ನಿನ್ನೆ ಅವರ ಮನೆಗೆ ಹೋಗಿದ್ದೆ. ಶಂಭಣ್ಣ ಎಂತ ಹೇಳಿದ್ರು ಗೊತ್ತುಂಟಾ? "ಬಿಡಿ ಸಮಿತ್, ಅವ್ರು ನಮ್ಮ ಕಡೆಯ ಹುಡುಗ, ಇಷ್ಟು ದೊಡ್ಡ ಕೆಲಸ ಮಾಡ್ತಿದ್ದಾರೆ, ಅವರ ಹೆಸರು ಹಾಳಾಗ್ಬಾರ್ದು." ನಿನ್ನ ಹೆಸರಿನ ಚಿಂತೆ ಅವರಿಗೆ! ಬೆಲ್ ಆದ್ರೆ ಅನುಷ್ಕಾ ಬಾತ್‌ರೂಮಿಗೆ ಓಡಿ ಚಿಲಕ ಹಾಕ್ತಾಳಂತೆ. ನಾನು ಹೋದಾಗಲೂ ಹಾಗೇ ಮಾಡಿದ್ಳು. ಅವಳಮ್ಮ ವಿನೋದಕ್ಕ ಕರೆದು ಕರೆದು ಸೋತ್ರು. ಕೊನೆಗೆ ಬಾಗಿಲ ಸಂದಿಯಿಂದ ಕೇಳಿದ್ಳು, "ಭಯ್ಯಾ, ಪೊಲೀಸ್ ಪಪ್ಪಾ ಕೋ ಲೇಕೆ ಜಾಯೇಗಿ ಕ್ಯಾ? ಬಟನ್ ತೋ ಮೈನೇ ದಬಾಯಾ ಥಾ." ಒತ್ತಿದವಳು ತಾನು, ಅಪ್ಪನನ್ನು ಯಾಕೆ ಹಿಡೀಬೇಕು ಅಂತ ಅವಳ ಲೆಕ್ಕ. ಮೂರು ವಾರದಿಂದ ಆ ಮಗು ಇದನ್ನು ಹೊಟ್ಟೆಯೊಳಗೆ ಇಟ್ಕೊಂಡಿತ್ತು. ನಾನು ಎಷ್ಟು ಹೇಳಿದ್ರೂ ನಂಬುದಿಲ್ಲ. ಪೊಲೀಸ್ ಅಂತ ಬರೆದವನು ನಾನಲ್ಲ ಅಲ್ವಾ?

ಬರುವ ಸೋಮವಾರ ಹನ್ನೊಂದು ಗಂಟೆಗೆ ಶಂಭಣ್ಣನನ್ನು ಕರ್ಕೊಂಡು ಬರ್ತೇನೆ. ಬ್ಯಾಂಕಿನ ಮೇಲ್ ಅಷ್ಟರೊಳಗೆ ಹೋಗಿರ್ಬೇಕು. ಶಾಲೆಗೆ ರಜೆ, ಅನುಷ್ಕಾನೂ ಬರ್ತಾಳೆ. ತಾನೇ ಒತ್ತಿದ್ದು, ಪಪ್ಪಂದು ತಪ್ಪಿಲ್ಲ ಅಂತ ದೊಡ್ಡ ಸರ್ ಹತ್ರ ಹೇಳ್ಬೇಕಂತೆ. ಹೇಗೆ ಹೇಳುದು ಅಂತ ಪುಸ್ತಕದಲ್ಲಿ ಬರೆದು ಬಾಯಿಪಾಠ ಮಾಡ್ತಿದ್ದಾಳೆ. ಕಶ್ಯಪ, ಅವಳು ಬಾಯಿ ತೆರೆಯುವ ಮೊದಲು ನೀನು ತೆರೆ. ಅವಳಿಗೆ ಒಂದು ಶಬ್ದವೂ ಹೇಳ್ಲಿಕ್ಕೆ ಬಿಡ್ಬೇಡ.

ನಿನ್ನ ಅಂಗಡಿ ಬೆಳೀಲಿ, ನಿನ್ನ ಅಪ್ಪ ಅಮ್ಮ ಸುಖವಾಗಿರ್ಲಿ. ಇದು ಸಿಟ್ಟಲ್ಲಿ ಹೇಳಿದ್ದಲ್ಲ. ಸೋಮವಾರದ ನಂತರ ನಿನಗೆ ನನ್ನ ಕಾಟ ಇರುದಿಲ್ಲ.

ಸಮಿತ್
ಡೊಂಬಿವಲಿ