ಬಣ್ಣದ ಪಟ್ಟಿ ಹಿಡಿದವಳು

ಅದೆರಿತು,

ನೀನಿದನ್ನು ಓದುವುದಿಲ್ಲ. ಬದುಕಿದ್ದಾಗಲೂ ನನ್ನ ಕಾಗದ ಓದಿದವನಲ್ಲ. ಆದರೂ ಇವತ್ತು ನಡೆದದ್ದನ್ನು ಬರೆದಿಡುತ್ತೇನೆ.

ಅವೈರೊದ ಉಪ್ಪಿನ ಗದ್ದೆಗಳ ಬಗ್ಗೆ ನೀನು ತೆಗೆದ ಸಾಕ್ಷ್ಯಚಿತ್ರವನ್ನು ಲಿಸ್ಬನ್ನಿನ ಲ್ಯಾಬೊಂದು ಶುಚಿ ಮಾಡುತ್ತಿದೆ. ಬೆಳಿಗ್ಗೆ ನನ್ನನ್ನು ಕರೆಸಿದ್ದರು. ಅಲ್ಲಿ ಕೆಲಸ ಮಾಡುವ ಮಫಾಲ್ದಾ ಎಂಬ ಹುಡುಗಿ ಪ್ರತಿ ರೀಲಿನ ಮೊದಲ ತುಂಡನ್ನು ತೋರಿಸಿದಳು. ಶೂಟಿಂಗಿಗೆ ಮುಂಚೆ ಬಣ್ಣ, ಬೆಳಕು ನೋಡಲೆಂದು ನೀನು ಕೊಡುತ್ತಿದ್ದ ಬಣ್ಣದ ಪಟ್ಟಿ ಹಿಡಿದು ನಾನು ನಿಂತಿದ್ದೇನೆ, ಗಾಳಿಗೆ ಕಣ್ಣು ಕಿರಿದು ಮಾಡಿಕೊಂಡು.

"ದೋನಾ ಇಲ್ದಾ, ಪಟ್ಟಿಗೆ ಎರಡು ಸೆಕೆಂಡ್ ಸಾಕು. ಇವ್ರು ನಲವತ್ತು ಸೆಕೆಂಡ್ ಓಡಿಸಿದಾರೆ, ಎಲ್ಲಾ ರೀಲಲ್ಲೂ! ಅಷ್ಟು ಕೈ ಧಾರಾಳಾನಾ ನಿಮ್ಮೋರ್ದು?"

ಧಾರಾಳವಂತೆ! ಮೂವತ್ತು ವರ್ಷ ಒಬ್ಬನೇ ಕ್ಯಾಮೆರಾ ಹೊತ್ತವನು ನೀನು. ಬೇರೆಯವರು ಉಳಿಸಿದ ಫಿಲಂ ಬೇಡಿ ತರುತ್ತಿದ್ದೆ. ದೀಪವಿಲ್ಲ, ಎರಡನೇ ಟೇಕ್ ಇಲ್ಲ. ನಿನ್ನ ಚಿತ್ರದಲ್ಲಿ ಗೂಟದ ಮೇಲಿನ ಬೆಳ್ಳಕ್ಕಿಗೂ ಒಂದು ಶಾಟ್ ಸಿಕ್ಕಿತು, ನನಗೆ ಸಿಗಲಿಲ್ಲ ಎಂದು ಜಗಳವಾಡಿಯೇ ನಾನು ನಿನ್ನನ್ನು ಬಿಟ್ಟು ಬಂದದ್ದು.

"ಇಲ್ಲಿ ಏನೋ ಹೇಳ್ತಿದೀರ. ಸೌಂಡ್ ಇಲ್ಲ. ನೆನಪಿದ್ಯಾ?"

"ಇಲ್ಲಮ್ಮ," ಎಂದೆ.

ನೆನಪಿದೆ. ಪ್ರತಿ ಸಲವೂ ಅದನ್ನೇ ಹೇಳುತ್ತಿದ್ದೆ: "ಸಾಕು ನಿಲ್ಸು ಮಾರಾಯ, ಫಿಲಂ ದಂಡ."

ಇಲ್ದಾ